ಹಾಲ್ ಟಿಕೆಟ್ಟಿನಿಂದ ಹೈಕೋರ್ಟಿಗೆ



ಪದವಿ ಪರೀಕ್ಷೆಯ ಫಲಿತಾಂಶ ಹೊರಬಿದ್ದ ವಾರ ಹೊಸಪೇಟೆಯ ಯಾವ ವಕೀಲರ ಕಚೇರಿಯಲ್ಲಿ ಹೋಗಿ ಕೂತರೂ ಒಂದು ಮಾತು ಕಿವಿಗೆ ಬಿದ್ದೇ ಬೀಳುತ್ತದೆ. "ಸರ್, ಯೂನಿವರ್ಸಿಟಿ ಮೇಲೆ ಕೇಸ್ ಹಾಕಬಹುದಾ?" ಕೇಳುವವರು ಕಂಪ್ಲಿಯಿಂದ ಬಂದವರಿರಬಹುದು, ಸಂಡೂರಿನ ಗಣಿ ಸೀಮೆಯವರಿರಬಹುದು. ಜತೆಗೆ ಅಪ್ಪನೋ ಸೋದರಮಾವನೋ ಇರುತ್ತಾರೆ. ಒಬ್ಬನಿಗೆ ಅಟೆಂಡೆನ್ಸ್ ಶಾರ್ಟೇಜ್ ಅಂತ ಹಾಲ್ ಟಿಕೆಟ್ ಕೊಟ್ಟಿಲ್ಲ. ಒಬ್ಬಳಿಗೆ ನಾಲ್ಕು ಪೇಪರಿನಲ್ಲಿ ಎಪ್ಪತ್ತರ ಮೇಲೆ ಬಂದು ಐದನೆಯದರಲ್ಲಿ ಹದಿನೆಂಟು ಬಂದಿದೆ. ಮತ್ತೊಬ್ಬ ಇಂಜಿನಿಯರಿಂಗ್ ಹುಡುಗ, ಬ್ಯಾಕ್‌ಲಾಗ್ ಏರಿ ಇಯರ್ ಬ್ಯಾಕ್ ಆಗಿದೆ. ಇನ್ನೊಬ್ಬನ ಹೆಸರು ಮಾಲ್‌ಪ್ರಾಕ್ಟೀಸ್ ಪಟ್ಟಿ ಸೇರಿದೆ.

ಕೇಸ್ ಹಾಕಬಹುದಾ ಎಂದರೆ ಹಾಕಬಹುದು. ವಿಶ್ವವಿದ್ಯಾಲಯ ಶಾಸನದಿಂದ ಹುಟ್ಟಿದ ಸಂಸ್ಥೆ. ಸಂವಿಧಾನದ 226ನೇ ವಿಧಿಯ ಪ್ರಕಾರ ಅದರ ಮೇಲೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ ನಡೆಯುತ್ತದೆ. ಆದರೆ ಇಂಥ ಅರ್ಜಿಗಳ ತೀರ್ಪುಗಳನ್ನು, ಗೆದ್ದವನ್ನೂ ಬಿದ್ದವನ್ನೂ, ಒಟ್ಟಿಗೆ ಇಟ್ಟುಕೊಂಡು ಓದಿದರೆ ಒಂದು ಸಂಗತಿ ಎದ್ದು ಕಾಣುತ್ತದೆ. ವಿದ್ಯಾರ್ಥಿ ತನ್ನ ಕಷ್ಟ ಹೇಳಿಕೊಳ್ಳಲು ಕೋರ್ಟಿಗೆ ಹೋಗುತ್ತಾನೆ. ಕೋರ್ಟು ಅವನನ್ನು ನಿಯಮ ಯಾವುದೆಂದು ಕೇಳುತ್ತದೆ. ಕನಿಕರದ ಬಲದಿಂದ ಕೊನೆಯವರೆಗೂ ನಿಂತ ಪರೀಕ್ಷಾ ಪ್ರಕರಣಗಳು ತೀರಾ ಕಡಿಮೆ. ವಿಶ್ವವಿದ್ಯಾಲಯ ತಾನೇ ಅಚ್ಚು ಹಾಕಿಸಿದ ಒಂದು ಸಾಲನ್ನು ಹಿಡಿದು, ಅದನ್ನು ನೀವೇ ಪಾಲಿಸಿಲ್ಲವಲ್ಲ ಎಂದು ಕೇಳಿ ಗೆದ್ದವೇ ಹೆಚ್ಚು. ಇವತ್ತಿನ ಮಾತೆಲ್ಲ ಅದರ ಸುತ್ತಲೇ.

ಮೊದಲು ನಮ್ಮ ಸೀಮೆಯ ಭೂಗೋಳ ನೋಡೋಣ. ಬಳ್ಳಾರಿ ಸೀಮೆ ಮೈಸೂರು ರಾಜ್ಯಕ್ಕೆ ಸೇರಿದ್ದು 1953ರ ಅಕ್ಟೋಬರ್ 1ರಂದು. ಅದಕ್ಕೆ ಮುಂಚೆ ನಾವು ಮದ್ರಾಸಿನವರು. ಆಮೇಲೆ ನಮ್ಮ ಕಾಲೇಜುಗಳ ಉತ್ತರಪತ್ರಿಕೆಗಳ ಗಂಟು ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯಕ್ಕೆ ಹೋಗುತ್ತಿತ್ತು. 1980ರಲ್ಲಿ ಗುಲ್ಬರ್ಗಾ ವಿಶ್ವವಿದ್ಯಾಲಯ ಆದಾಗ ಅಲ್ಲಿಗೆ ಹೋಗತೊಡಗಿತು. 2010ರಲ್ಲಿ ವಿಜಯನಗರ ಶ್ರೀಕೃಷ್ಣದೇವರಾಯ ವಿಶ್ವವಿದ್ಯಾಲಯ ಬಂದ ಮೇಲೆ ಬಳ್ಳಾರಿಯಲ್ಲೇ ನಿಂತಿತು. ಸಂಡೂರಿನ ನಂದಿಹಳ್ಳಿಯ ಸ್ನಾತಕೋತ್ತರ ಕೇಂದ್ರವೂ ಈಗ ಅದರದ್ದೇ. 2021ರಲ್ಲಿ ಹೊಸಪೇಟೆ ವಿಜಯನಗರ ಜಿಲ್ಲೆಯ ಕೇಂದ್ರವಾಯಿತು, ಕಂಪ್ಲಿ ಮತ್ತು ಸಂಡೂರು ಬಳ್ಳಾರಿ ಜಿಲ್ಲೆಯಲ್ಲೇ ಉಳಿದವು. ಜಿಲ್ಲೆ ಎರಡಾದರೂ ಪರೀಕ್ಷೆಯ ಯಜಮಾನ ಒಬ್ಬನೇ. ಇಂಜಿನಿಯರಿಂಗ್ ಓದುವವರದು ಬೇರೆ ಲೆಕ್ಕ. ಹೊಸಪೇಟೆಯ ಪ್ರೌಢದೇವರಾಯ ಇಂಜಿನಿಯರಿಂಗ್ ಕಾಲೇಜಿನ ಮಕ್ಕಳಿಗೆ ಬೆಳಗಾವಿಯ ವಿಶ್ವೇಶ್ವರಯ್ಯ ತಾಂತ್ರಿಕ ವಿಶ್ವವಿದ್ಯಾಲಯ, ಅಂದರೆ ವಿಟಿಯು, ನಿಯಮ ಹೇಳುತ್ತದೆ. ಕಾನೂನು ಓದಲು ಬಳ್ಳಾರಿಗೆ ಹೋಗುವವರಿಗೆ ಹುಬ್ಬಳ್ಳಿ ನವನಗರದ ಕರ್ನಾಟಕ ರಾಜ್ಯ ಕಾನೂನು ವಿಶ್ವವಿದ್ಯಾಲಯ ಹೇಳುತ್ತದೆ. ಹಂಪಿಯ ಕನ್ನಡ ವಿಶ್ವವಿದ್ಯಾಲಯಕ್ಕಂತೂ ತನ್ನದೇ ಪ್ರತ್ಯೇಕ ಶಾಸನ ಇದೆ.

ಇವರಲ್ಲಿ ಯಾರ ಮೇಲೆ ತಕರಾರು ತೆಗೆದರೂ ನಮ್ಮ ಜನ ಹೋಗಬೇಕಾದ್ದು ಧಾರವಾಡಕ್ಕೆ. ಹೈಕೋರ್ಟಿನ ಧಾರವಾಡ ಪೀಠ 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆಯಿತು. ಅದಕ್ಕೆ ಮುಂಚೆ ಒಂದು ಹಾಲ್ ಟಿಕೆಟ್ಟಿಗಾಗಿಯೂ ರಾತ್ರಿ ಹಂಪಿ ಎಕ್ಸ್‌ಪ್ರೆಸ್ ಹತ್ತಿ ಬೆಂಗಳೂರಿಗೆ ಹೋಗಬೇಕಿತ್ತು. ಈಗ ಕೊಪ್ಪಳ, ಗದಗ, ಹುಬ್ಬಳ್ಳಿ ದಾಟಿದರೆ ಸಾಕು. ಪೀಠದ ಕಟ್ಟಡ ಇರುವುದು ಧಾರವಾಡ ಪೇಟೆಯ ಆಚೆ, ಬೆಳಗಾವಿ ಕಡೆಯ ಹೆದ್ದಾರಿಯ ಪಕ್ಕದಲ್ಲಿ. ರೈಲು ನಿಲ್ದಾಣದಲ್ಲಿ ಇಳಿದು ನಡೆದು ಹೋಗುತ್ತೇನೆ ಅಂದುಕೊಳ್ಳಬೇಡಿ.

ಹಾಗೆ ಹೋದವರಿಗೆ ಮೊದಲು ಎದುರಾಗುವುದು 1963ರ ಒಂದು ಸುಪ್ರೀಂ ಕೋರ್ಟ್ ತೀರ್ಪು. ಅದು ಹುಟ್ಟಿದ್ದು ನಮ್ಮ ನಾಡಿನಲ್ಲೇ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನ ಇಂಗ್ಲಿಷ್ ರೀಡರ್ ಹುದ್ದೆಗೆ ಎಚ್.ಎಚ್. ಅಣ್ಣಯ್ಯಗೌಡರನ್ನು ಮೈಸೂರು ವಿಶ್ವವಿದ್ಯಾಲಯ ನೇಮಿಸಿತ್ತು. ಅವರಿಗೆ ಬೇಕಾದ ಅರ್ಹತೆ ಇಲ್ಲವೆಂದು ಒಬ್ಬರು ತಕರಾರು ತೆಗೆದರು. ಮೈಸೂರು ಹೈಕೋರ್ಟು ತಕರಾರನ್ನು ಒಪ್ಪಿ ನೇಮಕಾತಿ ರದ್ದು ಮಾಡಿತು. ಸುಪ್ರೀಂ ಕೋರ್ಟಿನಲ್ಲಿ ನ್ಯಾಯಮೂರ್ತಿ ಗಜೇಂದ್ರಗಡ್ಕರ್ ಅದನ್ನು ತಿರುಗಿಸಿದರು. ವಿದ್ಯೆಗೆ ಸಂಬಂಧಿಸಿದ ತೀರ್ಮಾನವನ್ನು ಪರಿಣತರು ಮಾಡಿದ್ದಾರೆ, ದುರುದ್ದೇಶದ ಆರೋಪವಿಲ್ಲ, ಹೀಗಿರುವಾಗ ಕೋರ್ಟು ಕೈಹಾಕಲು ಹಿಂಜರಿಯಬೇಕು ಎಂಬುದು ಅವರ ತರ್ಕ. ಅದು ನೇಮಕಾತಿಯ ಪ್ರಕರಣ, ಪರೀಕ್ಷೆಯದಲ್ಲ. ಆದರೂ ಅಂದಿನಿಂದ ಇಂದಿನವರೆಗೆ ವಿಶ್ವವಿದ್ಯಾಲಯಗಳ ವಕೀಲರು ಪರೀಕ್ಷಾ ಪ್ರಕರಣಗಳಲ್ಲಿ ಈ ತೀರ್ಪನ್ನು ಮುಂದಿಡುತ್ತಲೇ ಬಂದಿದ್ದಾರೆ. ಅಣ್ಣಯ್ಯಗೌಡರು ಮುಂದೆ ಮೈಸೂರಿನಲ್ಲಿ ಹೆಸರಾಂತ ಪ್ರಾಧ್ಯಾಪಕರಾದರು. ಅವರ ನೇಮಕಾತಿಯ ಜಗಳ ದೇಶದ ಲಕ್ಷಾಂತರ ವಿದ್ಯಾರ್ಥಿಗಳ ಹಣೆಬರಹಕ್ಕೆ ತಗಲಿಕೊಳ್ಳುತ್ತದೆಂದು ಆಗ ಯಾರು ಅಂದುಕೊಂಡಿದ್ದರು!

ಹಾಗಾದರೆ ಕೋರ್ಟು ನೋಡುವುದೇನು? ಕಂಪ್ಲಿಯ ಭತ್ತದ ವ್ಯಾಪಾರದ ಮಾತಿನಲ್ಲಿ ಹೇಳುವುದಾದರೆ, ಅದು ಭತ್ತಕ್ಕೆ ಬೆಲೆ ಕಟ್ಟುವುದಿಲ್ಲ. ತಕ್ಕಡಿ ಸರಿ ಇದೆಯೋ ಇಲ್ಲವೋ ನೋಡುತ್ತದೆ. ನಿಮ್ಮ ಉತ್ತರಕ್ಕೆ ಹನ್ನೆರಡು ಅಂಕವೋ ಹದಿನಾಲ್ಕೋ ಎಂದು ಯಾವ ನ್ಯಾಯಾಧೀಶರೂ ಹೇಳುವುದಿಲ್ಲ. ನಿಯಮ ಇದೆಯೇ, ಅದನ್ನು ಮಾಡಲು ಅಧಿಕಾರ ಇತ್ತೇ, ಎಲ್ಲರಿಗೂ ಒಂದೇ ರೀತಿ ಹಚ್ಚಿದ್ದಾರೆಯೇ, ಶಿಕ್ಷಿಸುವ ಮುಂಚೆ ನಿಮ್ಮ ಮಾತು ಕೇಳಿದ್ದಾರೆಯೇ ಎಂಬುದನ್ನು ನೋಡುತ್ತಾರೆ.

ಮಾತು ಕೇಳುವ ವಿಚಾರಕ್ಕೆ 1962ರ ಒಂದು ತೀರ್ಪು ಅಡಿಗಲ್ಲು. ಉತ್ತರ ಪ್ರದೇಶದ ಸಿಕಂದ್ರಾ ರಾವ್ ಎಂಬ ಊರಿನ ಕಾಲೇಜಿನಲ್ಲಿ ಮೂವರು ಹುಡುಗರು 1954ರ ಇಂಟರ್‌ಮೀಡಿಯೆಟ್ ಪರೀಕ್ಷೆ ಬರೆದು ಪಾಸಾಗಿದ್ದರು. ನಕಲು ಮಾಡಿದ್ದಾರೆಂದು ಮಂಡಳಿ ಅವರ ಫಲಿತಾಂಶ ರದ್ದು ಮಾಡಿತು. ಅವರನ್ನು ಕರೆದು ಒಂದು ಮಾತು ಕೇಳಿರಲಿಲ್ಲ. ನಮ್ಮ ಕಾಯಿದೆಯಲ್ಲಿ ವಿಚಾರಣೆ ಮಾಡಬೇಕೆಂದು ಬರೆದಿಲ್ಲವಲ್ಲ ಎಂಬುದು ಮಂಡಳಿಯ ವಾದ. ಒಬ್ಬ ಹುಡುಗನ ಬದುಕನ್ನೇ ತಿರುಗಿಸುವ ತೀರ್ಮಾನ ಇದು, ಬರೆದಿಲ್ಲದಿದ್ದರೂ ಕೇಳಲೇಬೇಕು ಎಂದಿತು ಸುಪ್ರೀಂ ಕೋರ್ಟು. ಇವತ್ತು ಮಾಲ್‌ಪ್ರಾಕ್ಟೀಸ್ ಕೇಸ್ ಬುಕ್ ಆದವರಿಗೆ ವಿಶ್ವವಿದ್ಯಾಲಯದಿಂದ ನೋಟಿಸ್ ಬರುತ್ತದಲ್ಲ, ಸಮಿತಿಯ ಮುಂದೆ ಹಾಜರಾಗಿ ಎಂದು, ಅದರ ಹಿಂದೆ ಆ ಮೂವರು ಹುಡುಗರಿದ್ದಾರೆ. ಆ ನೋಟಿಸಿಗೆ ಹೆದರಿ ಹೋಗದೆ ಇರುವವರು ಬಹಳ. ಹೋಗದಿದ್ದರೆ, ಕರೆದೆವು, ಬರಲಿಲ್ಲ ಎಂಬ ಷರಾ ಬೀಳುತ್ತದೆ. ಆಮೇಲೆ ಧಾರವಾಡದಲ್ಲಿ ವಾದ ಮಾಡಲು ಏನೂ ಉಳಿಯುವುದಿಲ್ಲ.

ಹಾಜರಾತಿಯ ವಿಷಯಕ್ಕೆ ಬರೋಣ. ನಾಟಿ ಕಾಲದಲ್ಲಿ ಕಂಪ್ಲಿ ಕಡೆಯ ಹುಡುಗರು ಗದ್ದೆಯಲ್ಲಿರುತ್ತಾರೆ. ಸಂಡೂರು ಕಡೆ ಗಣಿ ಲಾರಿಗಳ ಲೆಕ್ಕ ಬರೆಯುತ್ತಾ ಓದುವವರಿದ್ದಾರೆ. ಹಂಪಿಯಲ್ಲಿ ಪ್ರವಾಸಿ ಸೀಸನ್ ಬಂತೆಂದರೆ ಕಾಲೇಜಿನ ಬೆಂಚು ಖಾಲಿ. ನಿಯಮ ಸಾಮಾನ್ಯವಾಗಿ ಶೇಕಡ 75 ಹಾಜರಾತಿ ಕೇಳುತ್ತದೆ. ಕಷ್ಟ ನಿಜವೇ ಆದರೂ ಅಷ್ಟೇ ಹೇಳಿದರೆ ಅರ್ಜಿ ವಜಾ ಆಗುವ ಸಾಧ್ಯತೆಯೇ ಜಾಸ್ತಿ. ಎಪ್ಪತ್ತರ ದಶಕದ ಮಧ್ಯದಲ್ಲಿ ಕುರುಕ್ಷೇತ್ರ ವಿಶ್ವವಿದ್ಯಾಲಯದ ಒಬ್ಬ ಕಾನೂನು ವಿದ್ಯಾರ್ಥಿ ಮಾತ್ರ ಗೆದ್ದ. ಅವನಿಗೂ ಹಾಜರಾತಿ ಕಡಿಮೆ ಇತ್ತು. ಆದರೆ ಅರ್ಜಿ ಪರಿಶೀಲಿಸಬೇಕಾದ ಹೊತ್ತಿನಲ್ಲಿ ವಿಶ್ವವಿದ್ಯಾಲಯ ಸುಮ್ಮನಿದ್ದು ಪರೀಕ್ಷೆಗೆ ಕೂರಲು ಬಿಟ್ಟಿತ್ತು. ಆಮೇಲೆ ಎಚ್ಚೆತ್ತು ಅಭ್ಯರ್ಥಿತನವನ್ನೇ ರದ್ದು ಮಾಡಿತು. ಹುಡುಗ ಏನನ್ನೂ ಮುಚ್ಚಿಟ್ಟಿರಲಿಲ್ಲ. ನೋಡಬೇಕಾದವರು ನೋಡದೆ ಬಿಟ್ಟು, ಬರೆಸಿ, ಆಮೇಲೆ ಕಿತ್ತುಕೊಳ್ಳುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಅವನ ಗೈರುಹಾಜರಿಯನ್ನು ಕೋರ್ಟು ಕ್ಷಮಿಸಿತು ಎಂದು ಇದನ್ನು ಓದುವವರಿದ್ದಾರೆ. ಕೋರ್ಟು ಹಿಡಿದದ್ದು ವಿಶ್ವವಿದ್ಯಾಲಯದ ಗೈರುಹಾಜರಿಯನ್ನು.

ಅಂಕದ ಜಗಳ ಬೇರೆ ಬಗೆಯದು. ಇಲ್ಲಿ 1984ರ ಮಹಾರಾಷ್ಟ್ರದ ಪ್ರಕರಣವನ್ನು ಬಿಟ್ಟು ಮುಂದೆ ಹೋಗಲು ಆಗುವುದಿಲ್ಲ. ಅಲ್ಲಿನ ಪರೀಕ್ಷಾ ಮಂಡಳಿಯ ನಿಯಮದಲ್ಲಿ ಉತ್ತರಪತ್ರಿಕೆ ತೋರಿಸುವುದಿಲ್ಲ, ಮರುಮೌಲ್ಯಮಾಪನ ಇಲ್ಲ ಎಂದೇ ಬರೆದಿತ್ತು. ಬಾಂಬೆ ಹೈಕೋರ್ಟು ಅದು ಅನ್ಯಾಯ ಎಂದು ಹೊಡೆದುಹಾಕಿತು. ಸುಪ್ರೀಂ ಕೋರ್ಟು ನಿಯಮವನ್ನು ಮತ್ತೆ ನಿಲ್ಲಿಸಿತು. ಲಕ್ಷಗಟ್ಟಲೆ ಮಕ್ಕಳ ಪರೀಕ್ಷೆ, ಎಲ್ಲರ ಪತ್ರಿಕೆಯನ್ನೂ ಮತ್ತೆ ಬಿಚ್ಚುತ್ತಾ ಹೋದರೆ ಫಲಿತಾಂಶ ಎಂದಿಗೂ ಮುಗಿಯುವುದಿಲ್ಲ, ಇಂಥ ವ್ಯವಸ್ಥೆಯ ಸಾಧಕ ಬಾಧಕ ತೂಗುವುದು ಮಂಡಳಿಯ ಕೆಲಸ ಎಂಬುದು ಅದರ ಕಾರಣ. ಅಂದಿನಿಂದ ಮರುಮೌಲ್ಯಮಾಪನ ಹುಟ್ಟಿನಿಂದ ಬಂದ ಹಕ್ಕಲ್ಲ. ನಿಯಮದಲ್ಲಿ ಇದ್ದರೆ ಉಂಟು, ಇಲ್ಲದಿದ್ದರೆ ಇಲ್ಲ. ನಮ್ಮ ಪುಣ್ಯಕ್ಕೆ ಕರ್ನಾಟಕದ ವಿಶ್ವವಿದ್ಯಾಲಯಗಳಲ್ಲಿ ಸಾಮಾನ್ಯವಾಗಿ ಅದು ಇದೆ. ಫೋಟೊಕಾಪಿ, ಮರುಎಣಿಕೆ, ರಿವ್ಯಾಲ್ಯುಯೇಷನ್, ಕೆಲವೆಡೆ ಚಾಲೆಂಜ್ ವ್ಯಾಲ್ಯುಯೇಷನ್. ಒಂದೊಂದಕ್ಕೂ ಗಡುವಿದೆ, ಶುಲ್ಕವಿದೆ. ಗಡುವು ಮೀರಿದ ಮೇಲೆ ಕೋರ್ಟಿಗೆ ಹೋದವರನ್ನು ನ್ಯಾಯಾಧೀಶರು ಮೊದಲು ಕೇಳುವುದು, ಇದ್ದ ದಾರಿಯಲ್ಲಿ ಯಾಕೆ ಹೋಗಲಿಲ್ಲ ಎಂದು.

1984ರ ಗೋಡೆಯಲ್ಲಿ ಒಂದು ಕಿಟಕಿ ಬಿದ್ದದ್ದು 2011ರ ಆಗಸ್ಟ್ 9ರಂದು. ಸಿಬಿಎಸ್‌ಇ ಪರೀಕ್ಷೆ ಬರೆದ ಒಬ್ಬ ಹುಡುಗ ಮಾಹಿತಿ ಹಕ್ಕಿನಡಿ ತನ್ನ ಉತ್ತರಪತ್ರಿಕೆ ನೋಡಬೇಕು ಅಂದ. ಮೌಲ್ಯಮಾಪಕರು ನಮ್ಮನ್ನು ನಂಬಿ ಒಪ್ಪಿಸಿದ್ದಾರೆ, ತೋರಿಸಲಾಗದು ಎಂದಿತು ಮಂಡಳಿ. ತೀರ್ಪು ಬರೆದವರು ನ್ಯಾಯಮೂರ್ತಿ ಆರ್.ವಿ. ರವೀಂದ್ರನ್. ನಮ್ಮ ಹೈಕೋರ್ಟಿನಲ್ಲಿ ವಕೀಲರಾಗಿ, ನ್ಯಾಯಮೂರ್ತಿಯಾಗಿ ದೆಹಲಿಗೆ ಹೋದವರು. ತಾನು ಬರೆದ ಪತ್ರಿಕೆಯನ್ನು ತಾನೇ ನೋಡಬಾರದೆಂದರೆ ಹೇಗೆ, ತೋರಿಸಿ ಎಂದರು ಅವರು. ಮರುಮೌಲ್ಯಮಾಪನದ ಹಕ್ಕನ್ನು ಅವರು ಕೊಡಲಿಲ್ಲ. ನೋಡುವ ಹಕ್ಕು ಮಾತ್ರ ಕೊಟ್ಟರು. ನನ್ನ ಅಭಿಪ್ರಾಯದಲ್ಲಿ ಭಾರತದ ವಿದ್ಯಾರ್ಥಿಗಳಿಗೆ ಸಿಕ್ಕ ಅತಿ ದೊಡ್ಡ ಗೆಲುವು ಅದೇ. ಯಾಕೆಂದರೆ ಮೌಲ್ಯಮಾಪಕ ಒಂದು ಇಡೀ ಪುಟವನ್ನೇ ನೋಡದೆ ಬಿಟ್ಟಿದ್ದಾನೆ, ಒಳಗಿನ ಅಂಕ ಮುಖಪುಟಕ್ಕೆ ಬಂದಿಲ್ಲ, ಕೂಡಿದ್ದು ತಪ್ಪಾಗಿದೆ, ಇವೆಲ್ಲ ಪತ್ರಿಕೆ ಕೈಗೆ ಬಂದಾಗ ಮಾತ್ರ ಕಾಣುವ ತಪ್ಪುಗಳು. ಅವು ಅಭಿಪ್ರಾಯದ ಪ್ರಶ್ನೆಗಳಲ್ಲ, ಕಣ್ಣಿಗೆ ಕಾಣುವ ತಪ್ಪುಗಳು. ಕೋರ್ಟು ಕೈಹಾಕುವುದು ಅಂಥವಕ್ಕೆ. 1983ರಲ್ಲಿ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣದಲ್ಲೂ ಅಷ್ಟೆ. ವೈದ್ಯಕೀಯ ಪ್ರವೇಶ ಪರೀಕ್ಷೆಯ ಕೀ ಉತ್ತರವೇ ತಪ್ಪಿತ್ತು. ಪಠ್ಯಪುಸ್ತಕ ತೆರೆದು ತೋರಿಸಬಹುದಾದ ತಪ್ಪು ಅದು. ವಿದ್ಯಾರ್ಥಿಗಳು ಗೆದ್ದರು.

ಮಾಹಿತಿ ಹಕ್ಕಿನ ಅರ್ಜಿ ನಮ್ಮ ರಾಜ್ಯದಲ್ಲಿ ದುಬಾರಿ ಏನಲ್ಲ. ಅರ್ಜಿಗೆ ಹತ್ತು ರೂಪಾಯಿ, ಪುಟಕ್ಕೆ ಎರಡು ರೂಪಾಯಿ. ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದ ಮೀರಬಾರದು ಎಂಬುದು ಕರ್ನಾಟಕದ ನಿಯಮ. ಕನ್ನಡದಲ್ಲೇ ಬರೆಯಬಹುದು. ವಿಶ್ವವಿದ್ಯಾಲಯ ಫೋಟೊಕಾಪಿಗೆ ತನ್ನದೇ ಶುಲ್ಕ ಇಟ್ಟಿದ್ದರೆ? ಕಂಪನಿ ಸೆಕ್ರೆಟರಿಗಳ ಸಂಸ್ಥೆ ಹಾಗೆ ಇಟ್ಟಿತ್ತು, ಒಂದು ವಿಷಯಕ್ಕೆ 500 ರೂಪಾಯಿ. 2019ರಲ್ಲಿ ಸುಪ್ರೀಂ ಕೋರ್ಟು ಹೇಳಿದ್ದಿಷ್ಟು: ಸಂಸ್ಥೆಯ ದಾರಿಯಲ್ಲಿ ಹೋದರೆ ಸಂಸ್ಥೆಯ ಶುಲ್ಕ, ಮಾಹಿತಿ ಹಕ್ಕಿನ ದಾರಿಯಲ್ಲಿ ಹೋದರೆ ಮಾಹಿತಿ ಹಕ್ಕಿನ ಶುಲ್ಕ, ಎರಡೂ ದಾರಿ ತೆರೆದಿವೆ. ಆದರೆ ಇಲ್ಲೊಂದು ತೊಡಕಿದೆ. ಮಾಹಿತಿ ಕೊಡಲು ಅವರಿಗೆ 30 ದಿನ ಇದೆ, ರಿವ್ಯಾಲ್ಯುಯೇಷನ್ ಗಡುವು ಅಷ್ಟರೊಳಗೆ ಮುಗಿದುಹೋಗಬಹುದು. ಹಾಗಾಗಿ ಅವಸರ ಇರುವವರು ವಿಶ್ವವಿದ್ಯಾಲಯದ ದಾರಿಯನ್ನೇ ಹಿಡಿಯಬೇಕಾಗುತ್ತದೆ. ಇನ್ನೊಂದು ಮಾತು, ಪತ್ರಿಕೆಗಳನ್ನು ವಿಶ್ವವಿದ್ಯಾಲಯ ಕೆಲವು ತಿಂಗಳು ಮಾತ್ರ ಇಟ್ಟುಕೊಳ್ಳುತ್ತದೆ. ಆಮೇಲೆ ಕೇಳಿದರೆ ನಾಶ ಮಾಡಿದ್ದೇವೆ ಎಂಬ ಉತ್ತರ ಬಂದರೆ ಅದರಲ್ಲಿ ತಪ್ಪು ಹುಡುಕುವುದು ಕಷ್ಟ.

ಈಗ ಕೊರೊನಾ ಕಾಲದ ಕಥೆ. ಇದನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ. ಬಳ್ಳಾರಿಯ ಕಾನೂನು ಕಾಲೇಜಿಗೆ ಓಡಾಡುತ್ತಿದ್ದ ನಮ್ಮ ಊರಿನ ಹುಡುಗರಿಗೂ ಇದು ತಟ್ಟಿದ ವಿಚಾರ.

2020ರ ಏಪ್ರಿಲ್‌ನಲ್ಲಿ ವಿಶ್ವವಿದ್ಯಾಲಯ ಅನುದಾನ ಆಯೋಗ, ಅಂದರೆ ಯುಜಿಸಿ, ಪರೀಕ್ಷೆಗಳ ಬಗ್ಗೆ ಒಂದು ಮಾರ್ಗಸೂಚಿ ಹೊರಡಿಸಿತು. ಜುಲೈ 6ರಂದು ಅದನ್ನು ಪರಿಷ್ಕರಿಸಿತು. ಅದರಲ್ಲಿ ಎರಡು ಬಗೆಯ ವಿದ್ಯಾರ್ಥಿಗಳಿಗೆ ಎರಡು ದಾರಿ ಇತ್ತು. ಕೊನೆಯ ವರ್ಷದವರು ಪರೀಕ್ಷೆ ಬರೆಯಲೇಬೇಕು, ಸೆಪ್ಟೆಂಬರ್ ಕೊನೆಯೊಳಗೆ. ಮಧ್ಯದ ಸೆಮಿಸ್ಟರುಗಳವರಿಗೆ ಪರಿಸ್ಥಿತಿ ಸರಿಯಿಲ್ಲದಿದ್ದರೆ ಅರ್ಧ ಆಂತರಿಕ ಅಂಕ, ಅರ್ಧ ಹಿಂದಿನ ಸೆಮಿಸ್ಟರಿನ ಅಂಕ ಸೇರಿಸಿ ಫಲಿತಾಂಶ ಕೊಡಬಹುದು.

ಕೊನೆಯ ವರ್ಷದ ವಿದ್ಯಾರ್ಥಿಗಳು ದೇಶದ ನಾನಾ ಕಡೆಯಿಂದ ಸುಪ್ರೀಂ ಕೋರ್ಟಿಗೆ ಹೋದರು. ರೋಗ ಇದೆ, ಪ್ರವಾಹ ಇದೆ, ರೈಲಿಲ್ಲ, ಹಾಸ್ಟೆಲ್ ಮುಚ್ಚಿದೆ. ಹೇಳಿದ್ದೆಲ್ಲ ನಿಜ. 2020ರ ಆಗಸ್ಟ್ 28ರಂದು ನ್ಯಾಯಮೂರ್ತಿ ಅಶೋಕ್ ಭೂಷಣ್ ಅವರ ಪೀಠ ಯುಜಿಸಿಯ ಮಾರ್ಗಸೂಚಿಯನ್ನು ಎತ್ತಿಹಿಡಿಯಿತು. ವಿಪತ್ತು ನಿರ್ವಹಣಾ ಕಾಯಿದೆಯಡಿ ರಾಜ್ಯ ಸರ್ಕಾರ ಪರೀಕ್ಷೆಯನ್ನು ಮುಂದೂಡಬಹುದು, ಪರೀಕ್ಷೆಯೇ ಇಲ್ಲದೆ ಪಾಸು ಮಾಡುವಂತಿಲ್ಲ ಎಂದಿತು. ವಿದ್ಯಾರ್ಥಿಗಳು ಸೋತರು.

ಇತ್ತ ಹುಬ್ಬಳ್ಳಿಯ ಕಾನೂನು ವಿಶ್ವವಿದ್ಯಾಲಯ 2020ರ ನವೆಂಬರಿನಲ್ಲಿ ಮಧ್ಯದ ಸೆಮಿಸ್ಟರುಗಳವರಿಗೂ ಪರೀಕ್ಷೆ ಮಾಡುತ್ತೇವೆ ಎಂದು ಹೊರಟಿತು. ಐದು ವರ್ಷದ ಕೋರ್ಸಿನ ವಿದ್ಯಾರ್ಥಿಗಳು ನಮ್ಮ ಹೈಕೋರ್ಟಿಗೆ ಹೋದರು. ಅವರು ಹಿಡಿದುಕೊಂಡು ಹೋದದ್ದೂ ಅದೇ ಯುಜಿಸಿ ಮಾರ್ಗಸೂಚಿಯನ್ನೇ. ರಾಜ್ಯದ ಬೇರೆ ವಿಶ್ವವಿದ್ಯಾಲಯಗಳು ಅದರಂತೆ ಮಧ್ಯದ ಸೆಮಿಸ್ಟರಿನವರನ್ನು ಮುಂದಕ್ಕೆ ಕಳಿಸಿದ್ದವು. ನಮಗೇಕೆ ಬೇರೆ ನ್ಯಾಯ ಎಂಬುದು ಅವರ ಪ್ರಶ್ನೆ. 2021ರ ಫೆಬ್ರುವರಿಯಲ್ಲಿ ನ್ಯಾಯಮೂರ್ತಿ ಆರ್. ದೇವದಾಸ್ ವಿಶ್ವವಿದ್ಯಾಲಯದ ಅಧಿಸೂಚನೆಯನ್ನು ರದ್ದು ಮಾಡಿದರು. ಅದೇ ವರ್ಷದ ಕೊನೆಯಲ್ಲಿ ಮೂರು ವರ್ಷದ ಕೋರ್ಸಿನವರೂ ಧಾರವಾಡ ಪೀಠದ ಮೆಟ್ಟಿಲು ಹತ್ತಿದರು.

ಒಂದೇ ಕಾಗದ. ಒಂದು ತಂಡ ಅದರ ಎದುರು ನಿಂತು ಸೋತಿತು, ಇನ್ನೊಂದು ತಂಡ ಅದರ ಹಿಂದೆ ನಿಂತು ಗೆದ್ದಿತು. ರೋಗದ ಭಯ ಇಬ್ಬರಿಗೂ ಒಂದೇ ಆಗಿತ್ತು. ಭಯದ ಹೆಚ್ಚು ಕಡಿಮೆಯಿಂದ ಅಲ್ಲಿ ಸೋಲು ಗೆಲುವು ಆಗಲಿಲ್ಲ. ಕಾನೂನು ಓದುವ ಮಕ್ಕಳಿಗೆ ಇದಕ್ಕಿಂತ ಒಳ್ಳೆಯ ಪ್ರಾಕ್ಟಿಕಲ್ ಪರೀಕ್ಷೆ ಯಾವ ವಿಶ್ವವಿದ್ಯಾಲಯ ಇಟ್ಟೀತು ಹೇಳಿ.

2022ರ ಸಿಇಟಿಯದು, ಅಂದರೆ ವೃತ್ತಿಪರ ಕೋರ್ಸುಗಳ ಪ್ರವೇಶ ಪರೀಕ್ಷೆಯದು, ಇನ್ನೂ ಸೋಜಿಗ. 2021ರಲ್ಲಿ ದ್ವಿತೀಯ ಪಿಯುಸಿ ಪರೀಕ್ಷೆಯೇ ನಡೆದಿರಲಿಲ್ಲ. ಎಸ್ಸೆಸ್ಸೆಲ್ಸಿ, ಪ್ರಥಮ ಪಿಯುಸಿ ಅಂಕ ಸೇರಿಸಿ ಫಲಿತಾಂಶ ಕೊಟ್ಟಿದ್ದರು. ಆ ಬ್ಯಾಚಿನ ಸುಮಾರು 24 ಸಾವಿರ ಮಕ್ಕಳು 2022ರಲ್ಲಿ ಮತ್ತೆ ಸಿಇಟಿ ಬರೆದರು. ಇಂಜಿನಿಯರಿಂಗ್ ರ‍್ಯಾಂಕಿಗೆ ಅರ್ಧ ಸಿಇಟಿ ಅಂಕ, ಅರ್ಧ ಪಿಯುಸಿ ಅಂಕ ಎಂಬುದು ನಿಯಮ. ಕರ್ನಾಟಕ ಪರೀಕ್ಷಾ ಪ್ರಾಧಿಕಾರ ಜುಲೈ 30ರಂದು ಒಂದು ಟಿಪ್ಪಣಿ ಹೊರಡಿಸಿ ಈ ಮಕ್ಕಳ ಪಿಯುಸಿ ಅಂಕ ಲೆಕ್ಕಕ್ಕಿಲ್ಲ ಎಂದಿತು. ಸರ್ಕಾರದ ವಾದದಲ್ಲಿ ಹುರುಳಿಲ್ಲದೆ ಇರಲಿಲ್ಲ. ಪರೀಕ್ಷೆ ಬರೆಯದೆ ಬಂದ ಅಂಕ, ಪರೀಕ್ಷೆ ಬರೆದು ಬಂದ ಅಂಕ ಎರಡನ್ನೂ ಒಂದೇ ಸಾಲಿನಲ್ಲಿ ಇಡುವುದು ಹೇಗೆ? ಆದರೆ 2006ರ ಸೀಟು ಹಂಚಿಕೆ ನಿಯಮ ಹಾಗೇ ಇತ್ತು, ಅದನ್ನು ತಿದ್ದಿರಲಿಲ್ಲ. ನ್ಯಾಯಮೂರ್ತಿ ಎಸ್.ಆರ್. ಕೃಷ್ಣಕುಮಾರ್ ಸೆಪ್ಟೆಂಬರ್ 3ರಂದು ಟಿಪ್ಪಣಿಯನ್ನು ರದ್ದು ಮಾಡಿ ರ‍್ಯಾಂಕ್ ಪಟ್ಟಿಯನ್ನೇ ಮತ್ತೆ ಮಾಡಲು ಹೇಳಿದರು. ಆಗ 2022ರಲ್ಲೇ ಪಿಯುಸಿ ಮುಗಿಸಿದ ಮಕ್ಕಳ ತಂದೆತಾಯಿಗಳಿಗೆ ಕಳವಳ. ಮೇಲ್ಮನವಿಯಲ್ಲಿ ಸರ್ಕಾರ ಒಂದು ರಾಜಿ ಸೂತ್ರ ತಂದಿತು. ಹಳೇ ಬ್ಯಾಚಿನ ಅಂಕಗಳನ್ನು ಸ್ವಲ್ಪ ಇಳಿಸಿ ಸಮ ಮಾಡುವುದು. ವಿಭಾಗೀಯ ಪೀಠ ಅದೇ ತಿಂಗಳು ಒಪ್ಪಿತು. ಸರ್ಕಾರಕ್ಕೆ ಹೊಳೆದ ಪರಿಹಾರ ಒಳ್ಳೆಯದೇ ಆಗಿತ್ತು. ಅದು ಜೂನಿನಲ್ಲೇ ಹೊಳೆದಿದ್ದರೆ ಸೆಪ್ಟೆಂಬರಿನವರೆಗೆ ಕೌನ್ಸೆಲಿಂಗ್ ನಿಲ್ಲುತ್ತಿರಲಿಲ್ಲ.

ಕನ್ನಡದ ವಿಚಾರವನ್ನೂ ಹೇಳದೆ ಬಿಡಲಾಗದು, ಹಂಪಿಯ ಹೆಸರು ಹೇಳಿಕೊಂಡು ಮಾತಾಡುತ್ತಿರುವಾಗ. 2021ರ ಆಗಸ್ಟ್ 7ರ ಸರ್ಕಾರಿ ಆದೇಶ ಪದವಿ ತರಗತಿಯಲ್ಲಿ ಕನ್ನಡವನ್ನು ಎಲ್ಲರಿಗೂ ಕಡ್ಡಾಯ ಮಾಡಿತು. ಒಂದು ಸಂಸ್ಕೃತ ಸಂಸ್ಥೆ, ಕೆಲವು ವಿದ್ಯಾರ್ಥಿಗಳು ಹೈಕೋರ್ಟಿಗೆ ಹೋದರು. ಹೊಸ ಶಿಕ್ಷಣ ನೀತಿ ಹೇಳಿದೆ, ಅದಕ್ಕೇ ಮಾಡಿದ್ದೇವೆ ಎಂದಿತು ರಾಜ್ಯ. ನೀತಿಯಲ್ಲಿ ಅಂಥ ಕಡ್ಡಾಯವೇನೂ ಇಲ್ಲ ಎಂದಿತು ಕೇಂದ್ರ. 2022ರ ಏಪ್ರಿಲ್‌ನಲ್ಲಿ ಮಧ್ಯಂತರ ಆದೇಶ ಬಂದು ಕಡ್ಡಾಯ ನಿಂತುಹೋಯಿತು. ಪದವಿಯಲ್ಲಿ ಎಲ್ಲರೂ ಕನ್ನಡ ಓದಲಿ ಎಂಬ ಆಸೆ ನನಗೂ ಇದೆ. ಅದಕ್ಕೇ ಸಿಟ್ಟು. ತಳಪಾಯ ನೋಡದೆ ಅವಸರದಲ್ಲಿ ಆದೇಶ ಹೊರಡಿಸಿ, ಕೋರ್ಟಿನಲ್ಲಿ ಕನ್ನಡಕ್ಕೆ ಸೋಲು ಎಂಬ ತಲೆಬರಹಕ್ಕೆ ಅವಕಾಶ ಮಾಡಿಕೊಟ್ಟರು. ನಿಯಮ ಮಾಡಲು ಬಾರದವರ ಕೈಯಲ್ಲಿ ಒಳ್ಳೆಯ ಉದ್ದೇಶವೂ ನಿಲ್ಲುವುದಿಲ್ಲ.

ಕನಿಕರದ ಮಾತಿಗೆ ತಿರುಗಿ ಬರುತ್ತೇನೆ. ಪರೀಕ್ಷೆ ಸೋಮವಾರ, ಹಾಲ್ ಟಿಕೆಟ್ ತಡೆದದ್ದು ಶುಕ್ರವಾರ. ಇಂಥ ಹೊತ್ತಿನಲ್ಲಿ ಕೋರ್ಟು ಒಮ್ಮೊಮ್ಮೆ, ಸದ್ಯಕ್ಕೆ ಬರೆಯಲಿ, ಫಲಿತಾಂಶವನ್ನು ಲಕೋಟೆಯಲ್ಲಿಡಿ ಎನ್ನುತ್ತದೆ. ಮನೆಯವರು ಅದನ್ನೇ ಗೆಲುವು ಎಂದುಕೊಂಡು ಸಿಹಿ ಹಂಚುತ್ತಾರೆ. ಕೇಸು ಕೊನೆಗೆ ಬಿದ್ದರೆ ಬರೆದ ಪರೀಕ್ಷೆಯೂ ಬೀಳುತ್ತದೆ. 1993ರಲ್ಲಿ ಅಮೃತಸರದ ಗುರುನಾನಕ್ ದೇವ್ ವಿಶ್ವವಿದ್ಯಾಲಯದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಮರುಕಪಟ್ಟು ಮಧ್ಯಂತರ ಆದೇಶ ಕೊಡುವ ಈ ರೂಢಿಗಾಗಿ ಹೈಕೋರ್ಟುಗಳನ್ನೇ ಗದರಿಸಿತು. 2017ರಲ್ಲಿ ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿ ಪರೀಕ್ಷೆಯ ಪ್ರಕರಣದಲ್ಲಿ ನ್ಯಾಯಮೂರ್ತಿ ಮದನ್ ಲೋಕೂರ್ ಇನ್ನೂ ಖಡಾಖಂಡಿತವಾಗಿ ಹೇಳಿದರು. ಮರುಮೌಲ್ಯಮಾಪನ ಬೇಕೋ ಬೇಡವೋ ಎಂಬಲ್ಲಿ ಅನುಕಂಪಕ್ಕೆ ಜಾಗವೇ ಇಲ್ಲ, ಅನುಮಾನ ಬಂದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೇ ಹೋಗಬೇಕು ಎಂದು. 2009ರ ಆ ಪರೀಕ್ಷೆಯ ಜಗಳ ಎಂಟು ವರ್ಷ ಎಳೆದಿತ್ತು, ಪಾಸಾದವರೂ ಫೇಲಾದವರೂ ಒಟ್ಟಿಗೆ ತೂಗಾಡುತ್ತಿದ್ದರು. ನ್ಯಾಯಮೂರ್ತಿಗಳ ಬೇಸರ ಅರ್ಥವಾಗುತ್ತದೆ.

ಆದರೂ ಇಲ್ಲಿ ನನ್ನದೊಂದು ತಕರಾರಿದೆ. ಅನುಮಾನದ ಲಾಭ ಪರಿಣತರಿಗೆ ಎನ್ನುವುದು, ಪರಿಣತರು ಪರಿಣತಿಯಿಂದಲೇ ಕೆಲಸ ಮಾಡಿದ್ದಾರೆ ಎಂಬ ನಂಬಿಕೆಯ ಮೇಲೆ ನಿಂತಿದೆ. ಮೌಲ್ಯಮಾಪನ ಕೇಂದ್ರದಲ್ಲಿ ಒಂದು ದಿನ ಕೂತು ನೋಡಿದವರಿಗೆ ಗೊತ್ತು, ಅಲ್ಲಿ ಗಡಿಯಾರ ಎಷ್ಟು ಪರಿಣತಿಯನ್ನು ಉಳಿಸುತ್ತದೆ ಎಂದು. 1963ರ ತೀರ್ಪಿನ ಹಿಂದಿದ್ದ, ಒಬ್ಬ ರೀಡರನ್ನು ಆರಿಸಲು ಕೂತ ಪರಿಣತರ ಸಮಿತಿಗೂ ಇಂದಿನ ಮೌಲ್ಯಮಾಪನ ಶಿಬಿರಕ್ಕೂ ಒಂದೇ ಗೌರವ ಕೊಡಬೇಕೆಂಬುದು ನನಗೆ ಒಪ್ಪಿಗೆಯಿಲ್ಲ. ಹಂಪಿಯಲ್ಲಿ ಒಂದು ಪಿಎಚ್.ಡಿ ಪ್ರಬಂಧವನ್ನು ತಿಂಗಳುಗಟ್ಟಲೆ ಓದಿ ವರದಿ ಬರೆಯುವ ಮೌಲ್ಯಮಾಪಕರಿದ್ದಾರೆ. ಆ ಗೌರವ ಅವರಿಗೆ ಸಲ್ಲಲಿ.

ಕೋರ್ಟಿನ ಮುಂಚೆ ಒಂದು ಮೆಟ್ಟಿಲು ಈಗ ಸಿಕ್ಕಿದೆ. 2023ರ ಏಪ್ರಿಲ್‌ನಲ್ಲಿ ಯುಜಿಸಿ ವಿದ್ಯಾರ್ಥಿ ಕುಂದುಕೊರತೆಗಳ ಹೊಸ ನಿಯಮ ತಂದಿತು. ಕಾಲೇಜಿನಲ್ಲಿ ಸಮಿತಿ, ಅದರ ಮೇಲೆ ವಿಶ್ವವಿದ್ಯಾಲಯಕ್ಕೊಬ್ಬ ಲೋಕಪಾಲ. ನಿವೃತ್ತ ಕುಲಪತಿಯೋ ಪ್ರಾಧ್ಯಾಪಕರೋ ಜಿಲ್ಲಾ ನ್ಯಾಯಾಧೀಶರೋ ಆ ಜಾಗದಲ್ಲಿರಬೇಕು. ಸುಮ್ಮನೆ ಮತ್ತೆ ಅಂಕ ಹಾಕಿ ಎಂಬ ಅರ್ಜಿಯನ್ನು ಅವರೂ ಮುಟ್ಟುವುದಿಲ್ಲ. ಫಲಿತಾಂಶದ ಮೇಲೆ ಪರಿಣಾಮ ಬೀರಿದ ನಿರ್ದಿಷ್ಟ ಲೋಪವನ್ನು, ಇಲ್ಲವೇ ತಾರತಮ್ಯವನ್ನು ಬೊಟ್ಟು ಮಾಡಿ ತೋರಿಸಿದರೆ ಕೇಳುತ್ತಾರೆ. ಕೋರ್ಟು ಅರವತ್ತು ವರ್ಷದಿಂದ ಕೇಳುತ್ತಾ ಬಂದದ್ದೂ ಇದನ್ನೇ. ಆದ್ದರಿಂದ ಅರ್ಜಿ ಬರೆಯುವಾಗ ಮನೆಯ ಬಡತನದ ವಿವರವನ್ನು ಒಂದು ಸಾಲಿಗೆ ಇಳಿಸಿ, ಇಂಥ ರೆಗ್ಯುಲೇಷನ್ನಿನ ಇಂಥ ಕಲಮು, ಇಂಥ ದಿನ ಹೀಗಾಯಿತು ಎಂಬುದನ್ನು ಮೊದಲ ಪುಟದಲ್ಲಿ ಬರೆಯಿರಿ. ಕುಲಸಚಿವರು, ಮೌಲ್ಯಮಾಪನ, ಎಂಬ ವಿಳಾಸಕ್ಕೆ ಕೊಟ್ಟ ಪ್ರತಿ ಅರ್ಜಿಗೂ ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ.

ಆದರೆ ಆ ಕಲಮನ್ನು ಓದುವುದು ಹೇಗೆ? ನಮ್ಮ ವಿಶ್ವವಿದ್ಯಾಲಯಗಳ ಪರೀಕ್ಷಾ ರೆಗ್ಯುಲೇಷನ್ನುಗಳು ಬಹುಪಾಲು ಇಂಗ್ಲಿಷಿನಲ್ಲಿವೆ, ಅದೂ ವಕೀಲರ ಇಂಗ್ಲಿಷಿನಲ್ಲಿ. ಕನ್ನಡ ಮಾಧ್ಯಮದಲ್ಲಿ ಬಿ.ಎ ಓದುವ ಕಂಪ್ಲಿಯ ಹುಡುಗಿಗೆ ಪ್ರಶ್ನೆಪತ್ರಿಕೆ ಕನ್ನಡದಲ್ಲಿ ಸಿಗುತ್ತದೆ, ಅವಳನ್ನು ಫೇಲು ಮಾಡುವ ನಿಯಮ ಕನ್ನಡದಲ್ಲಿ ಸಿಗುವುದಿಲ್ಲ. 1991ರಲ್ಲಿ ಚಂದ್ರಶೇಖರ ಕಂಬಾರರು ಕಟ್ಟಲು ಶುರುಮಾಡಿದ ಕನ್ನಡ ವಿಶ್ವವಿದ್ಯಾಲಯ ಹೊಸಪೇಟೆಯಿಂದ ಕೂಗಳತೆಯಲ್ಲಿದೆ. ಬಳ್ಳಾರಿಯವರು ತಮ್ಮ ಪರೀಕ್ಷಾ ನಿಯಮಗಳ ಕಟ್ಟನ್ನು ಹಂಪಿಯವರಿಗೆ ಕೊಟ್ಟು ಸರಳ ಕನ್ನಡಕ್ಕೆ ತರಿಸಿ ಪ್ರತಿ ಕಾಲೇಜಿನ ನೋಟಿಸ್ ಬೋರ್ಡಿಗೆ ಹಚ್ಚಿಸಲು ಕೋರ್ಟಿನ ಆದೇಶ ಬೇಕಿಲ್ಲ, ಎರಡು ವಿಶ್ವವಿದ್ಯಾಲಯಗಳ ನಡುವೆ ಒಂದು ಪತ್ರ ಸಾಕು.

ಇಷ್ಟೆಲ್ಲ ಮಾಡಿಯೂ ಧಾರವಾಡಕ್ಕೆ ಹೋಗಲೇಬೇಕಾಗಿ ಬಂದರೆ ಖರ್ಚಿನ ಮಾತು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯಡಿ ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಅಂಗವಿಕಲರಿಗೆ ಆದಾಯ ಎಷ್ಟೇ ಇದ್ದರೂ ಉಚಿತವಾಗಿ ವಕೀಲರನ್ನು ಕೊಡುತ್ತಾರೆ. ಉಳಿದವರಿಗೆ ಆದಾಯದ ಮಿತಿ ಇದೆ. ತಾಲ್ಲೂಕು ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿದರೆ ಹೈಕೋರ್ಟಿನ ಸಮಿತಿಗೆ ದಾರಿ ತೋರಿಸುತ್ತಾರೆ. ಹಾಲ್ ಟಿಕೆಟ್, ಅಂಕಪಟ್ಟಿ, ಶುಲ್ಕ ಕಟ್ಟಿದ ರಸೀತಿ, ನೀವು ಕೊಟ್ಟ ಅರ್ಜಿಗಳ ಮೊಹರು ಬಿದ್ದ ಪ್ರತಿಗಳು, ನೀವು ಹಿಡಿಯಬೇಕೆಂದಿರುವ ನಿಯಮದ ಪುಟ, ಇಷ್ಟನ್ನು ಜತೆಗೆ ಒಯ್ಯಿರಿ. ಆ ಕೊನೆಯ ಪುಟ ಇಲ್ಲದಿದ್ದರೆ ಇನ್ನೊಂದು ದಿನ ತಡವಾದರೂ ಸರಿ, ಅದನ್ನು ಸಂಪಾದಿಸಿಕೊಂಡೇ ಹೋಗಿ.